ಮೂವತ್ತನಾಲ್ಕು ಗೀಟು

ನಮ್ಮೂರಿನವರ ನಾಲಿಗೆಗೆ ಎರಡೇ ರುಚಿಗಳು ನೆನಪಿರುತ್ತವೆ: ಈಗ ಉಂಡದ್ದೊಂದು, ಅದಕ್ಕೆ ಮೊದಲು ಉಂಡದ್ದೊಂದು. ಮೂರನೆಯದು ಬಾಯಿಗೆ ಬಿದ್ದೊಡನೆ ಮೊದಲನೆಯದು ಹಲಗೆಯ ಮೇಲಿನ ಬಳಪದ ಅಕ್ಷರದಂತೆ ಅಳಿಸಿಹೋಗುತ್ತದೆ. ಕಾರಣವನ್ನು ನನ್ನನ್ನು ಕೇಳಬೇಡಿ. ನಾನು ಮೂವತ್ತೆಂಟು ವರ್ಷ ಗಣಿತ ಕಲಿಸಿದವನು. ನಾಲಿಗೆಯ ವಿಷಯ ನನ್ನ ಪಾಠದಲ್ಲಿರಲಿಲ್ಲ.

ಇದರಿಂದ ಊರಿಗೆ ನಷ್ಟಕ್ಕಿಂತ ನೆಮ್ಮದಿಯೇ ಹೆಚ್ಚು. ನಮ್ಮಲ್ಲಿ ಯಾವ ಗಂಡನೂ ಹೆಂಡತಿಗೆ "ನಮ್ಮವ್ವ ಮಾಡಿದಂಗ ಆಗಿಲ್ಲ" ಎಂದು ಹೇಳಲಾರ. ಅವ್ವ ಮಾಡಿದ್ದು ಹೇಗಿತ್ತೆಂಬುದು ಅವನಿಗೇ ತಿಳಿಯದು. ಹೋದ ವರ್ಷದ ಮಾವು ಈ ವರ್ಷದ ಮಾವನ್ನು ನಾಚಿಸುವುದಿಲ್ಲ. ಮದುವೆಯೂಟ ಮುಗಿಸಿ ಹೊರಟ ಬೀಗರಿಗೆ ಆಡಿಕೊಳ್ಳಲು ಏನೂ ಉಳಿದಿರುವುದಿಲ್ಲ, ಏಕೆಂದರೆ ಎಲೆಯ ಮೇಲೆ ಹದಿನಾಲ್ಕು ಪದಾರ್ಥ ಬಿದ್ದಿದ್ದರೂ ಅವರಿಗೆ ನೆನಪಿರುವುದು ಮಜ್ಜಿಗೆ ಮತ್ತು ಎಲೆಅಡಿಕೆ ಮಾತ್ರ. ಖಾನಾವಳಿಯ ಫಲಕದ ಮೇಲೆ "ಪ್ರಸಿದ್ಧ" ಎಂಬ ಮಾತಿಲ್ಲ. "ತೆರೆದಿದೆ" ಎಂದಷ್ಟೇ ಬರೆದಿರುತ್ತದೆ.

ತೊಡಕು ಬರುವುದು ಆರು ವರ್ಷಕ್ಕೊಮ್ಮೆ. ಶಾಲೆಯ ಹಿಂದೆ, ಕೆರೆಗೆ ಮುಖ ಮಾಡಿಕೊಂಡು ಎರಡು ಕೋಣೆಯ ಒಂದು ಕಲ್ಲುಮನೆಯಿದೆ. ಅದಕ್ಕೆ ಊರೊಲೆ ಎಂದು ಹೆಸರು. ಶಾಲೆಯ ಇನ್ನೂರು ಮಕ್ಕಳಿಗೆ ಮಧ್ಯಾಹ್ನದ ಅಡುಗೆ ಅಲ್ಲಿ ಆಗುತ್ತದೆ. ಅಡುಗೆ ಮಾಡುವವರು ಆರು ವರ್ಷ ಆ ಮನೆಯಲ್ಲೇ ಇರಬಹುದು. ಊರಿನಲ್ಲಿ ಯಾರ ಕೈ ಎಲ್ಲಕ್ಕಿಂತ ಒಳ್ಳೆಯದೋ ಅವರಿಗೆ ಊರೊಲೆ. ಈ ಸಲ ಹೆಸರು ಕೊಟ್ಟವರು ಇಪ್ಪತ್ತನಾಲ್ಕು ಮನೆಯವರು, ಎಲ್ಲರೂ ಕೆರೆಯ ಸುತ್ತಲಿನ ಸುತ್ತೋಣಿಯವರು. ಎರಡೇ ರುಚಿ ಹಿಡಿಯುವ ನಾಲಿಗೆಯಿಂದ ಇಪ್ಪತ್ತನಾಲ್ಕು ಸಾರುಗಳಲ್ಲಿ ಒಳ್ಳೆಯದನ್ನು ಹುಡುಕುವುದು ಹೇಗೆ? ಅದಕ್ಕೆ ಹಿಂದಿನವರು ಕಂಡುಕೊಂಡ ಕ್ರಮಕ್ಕೆ ನಡಿಗೆ ಎನ್ನುತ್ತೇವೆ.

ಕ್ರಮ ಸರಳವಾದದ್ದು. ನಡೆಯುವವನು ಮಧ್ಯಾಹ್ನ ತಾನು ನಿಂತ ಮನೆಯ ಬಾಗಿಲ ಕಂಬದ ಮೇಲೆ ಒಂದು ಗೀಟು ಎಳೆಯಬೇಕು; ಅಲ್ಲಿ ಅರ್ಧ ರೊಟ್ಟಿಯ ಜೊತೆ ಒಂದು ಸೌಟು ಸಾರು ಉಣ್ಣಬೇಕು. ಆಮೇಲೆ ದಾಳ ಹಾಕಬೇಕು. ಬೆಸ ಬಿದ್ದರೆ ಎಡಗಡೆಯ ಮನೆ, ಸಮ ಬಿದ್ದರೆ ಬಲಗಡೆಯದು. ಆ ಮನೆಗೆ ಹೋಗಿ ಅಲ್ಲಿಯೂ ಒಂದು ಸೌಟು. ಅದು ಹಿಂದಿನದರಷ್ಟೇ ಅಥವಾ ಅದಕ್ಕಿಂತ ರುಚಿಯಾಗಿದ್ದರೆ ಹತ್ತು ಎಂದು ಬರೆದುಕೊಂಡು ನಾಳೆ ಅಲ್ಲಿ ನಿಲ್ಲಬೇಕು. ರುಚಿ ಕಡಿಮೆಯಿದ್ದರೆ, ಹಿಂದಿನದು ಹತ್ತಾದರೆ ಇದು ಎಷ್ಟು ಎಂದು ನೋಟುಪುಸ್ತಕದಲ್ಲಿ ಬರೆದು, ಒಂದರಿಂದ ಹತ್ತರವರೆಗೆ ಅಂಕಿ ಕೊರೆದ ಹುಣಸೆ ಬೀಜಗಳ ಚೀಲಕ್ಕೆ ಕೈ ಹಾಕಬೇಕು. ಇದಕ್ಕೆ ಆರು ಕೊಟ್ಟಿದ್ದೀರಿ ಎನ್ನೋಣ. ಬಂದ ಬೀಜದ ಅಂಕಿ ಆರು ಅಥವಾ ಆರಕ್ಕಿಂತ ಕಡಿಮೆಯಾದರೆ ಹೊಸ ಮನೆ, ಹೆಚ್ಚಾದರೆ ಹಳೆಯ ಮನೆ. ಹೀಗೆ ಇನ್ನೂರ ಮೂವತ್ತು ದಿನ. ಮೊದಲ ಮೂವತ್ತು ದಿನದ ಗೀಟುಗಳನ್ನು ಒದ್ದೆ ಬಟ್ಟೆಯಿಂದ ಒರೆಸಿಬಿಡುತ್ತಾರೆ, ಏಕೆಂದರೆ ಅವುಗಳಲ್ಲಿ ಹೊರಟ ಜಾಗದ ವಾಸನೆ ಇನ್ನೂ ಇರುತ್ತದೆ. ಉಳಿದ ಇನ್ನೂರು ಗೀಟುಗಳಲ್ಲಿ ಯಾವ ಕಂಬಕ್ಕೆ ಹೆಚ್ಚೋ ಆ ಮನೆಯ ಕೈ ದೊಡ್ಡದು.

ಕಡಿಮೆ ರುಚಿಯ ಕಡೆಗೂ ಒಮ್ಮೊಮ್ಮೆ ಏಕೆ ಹೋಗಬೇಕೆಂದು ಹೊಸಬರು ಕೇಳುತ್ತಾರೆ. ಅವರಿಗೆ ನಾವು ಗುರುಪಾದಪ್ಪನ ಕಥೆ ಹೇಳುತ್ತೇವೆ. ಹನ್ನೆರಡು ವರ್ಷದ ಹಿಂದೆ ನಡೆದವನು ಅವನು. ಬೀಜ ಎತ್ತುವುದು ಹೇಡಿಗಳ ಕೆಲಸ ಎಂದು ಚೀಲವನ್ನು ಮನೆಯಲ್ಲಿಟ್ಟು, ರುಚಿ ಹೆಚ್ಚಾದ ಕಡೆಗೆ ಮಾತ್ರ ಕಾಲಿಟ್ಟ. ಒಂಬತ್ತನೆಯ ದಿನ ಒಂದು ಮನೆಗೆ ಬಂದ. ಅದರ ಎಡಗಡೆಯವರು ಸಾರಿಗೆ ಉಪ್ಪು ಹಾಕುತ್ತಿರಲಿಲ್ಲ, ಬಲಗಡೆಯವರು ಉಪ್ಪು ಬಿಟ್ಟು ಬೇರೇನೂ ಹಾಕುತ್ತಿರಲಿಲ್ಲ. ನಡುವಿನ ಮನೆಯ ಬಿಸಿನೀರು ಅವನಿಗೆ ಅಮೃತವಾಗಿ ಕಂಡಿತು. ಉಳಿದ ಇನ್ನೂರ ಇಪ್ಪತ್ತೊಂದು ದಿನ ಅವನು ಅಲ್ಲಿಂದ ಕದಲಲಿಲ್ಲ. ಆರು ವರ್ಷ ಮಕ್ಕಳು ಬಿಸಿನೀರು ಉಂಡರು. ಹಾಗಾಗಿ ಈಗ ಇಬ್ಬರು ನಡೆಯುತ್ತಾರೆ, ಕೆರೆಯ ಎರಡು ದಂಡೆಗಳಿಂದ ಹೊರಟು, ಒಬ್ಬರ ಲೆಕ್ಕ ಒಬ್ಬರಿಗೆ ತಿಳಿಸದೆ.

ಈ ಸಲ ನಡೆದವರಲ್ಲಿ ಒಬ್ಬಳು ದುರಗವ್ವ. ಊರಿನ ಅರ್ಧ ಜನರನ್ನು ಭೂಮಿಗೆ ತಂದ ಸೂಲಗಿತ್ತಿ. ಆ ಸಲುಗೆಯಿಂದ ಯಾರ ಮುಖಕ್ಕೂ ಏನನ್ನೂ ಹೇಳಬಲ್ಲವಳು. ಇನ್ನೊಬ್ಬ ನಾನು, ಕೊಟ್ರಪ್ಪ ಮಾಸ್ತರ. ಆಗ ವಯಸ್ಸು ಎಪ್ಪತ್ತೊಂದು. ಮದುವೆಯಾಗಿಲ್ಲ. ಊಟದಲ್ಲಿ ಮಿತ, ಮಾತಿನಲ್ಲಿ ಇನ್ನೂ ಮಿತ. ಉಣ್ಣುವ ಆಸೆ ಇಲ್ಲದವನ ನಾಲಿಗೆ ನ್ಯಾಯವಾಗಿರುತ್ತದೆ ಎಂದು ಕಟ್ಟೆಯ ಹಿರಿಯ ಚನಮಲ್ಲಪ್ಪ ನನ್ನನ್ನು ಆರಿಸಿದ್ದ. ದುರಗವ್ವನ ಗೀಟು ಕೆಮ್ಮಣ್ಣಿನದು, ನನ್ನದು ಸುಣ್ಣದ್ದು.

ನಡಿಗೆ ಶುರುವಾದ ಮೇಲೆ ನಾನು ಅಂಬಕ್ಕನ ಮನೆಯಲ್ಲಿ ಮೊದಲ ಸಲ ನಿಂತದ್ದು ನಲವತ್ತನೆಯ ದಿನದ ಆಸುಪಾಸಿನಲ್ಲಿ. ಅಂಬಕ್ಕ ಕೌದಿ ಹೊಲಿಯುವವಳು. ಗಂಡ ತೀರಿ ಇಪ್ಪತ್ತು ವರ್ಷವಾಗಿತ್ತು. ಮಾತು ಕಡಿಮೆಯ ಅತ್ತಿಗೆ ಕಾಶವ್ವನ ಜೊತೆ ಇದ್ದಳು. ಪಡಸಾಲೆಯ ತುಂಬ ಹಳೆಯ ಸೀರೆ, ಧೋತರದ ತುಂಡುಗಳು ಬಿದ್ದಿದ್ದವು.

"ಬರ್ರಿ ಮಾಸ್ತರ. ಮೊದಲ ಗೀಟು ಎಳೀರಿ, ಆಮ್ಯಾಲ ಕುಂದರ್ರಿ. ನಿಮ್ಮ ವಯಸ್ಸಿನವರು ಮೊದಲ ಕುಂತ್ರ ಏಳೂದು ತಡಾ ಆಗ್ತದ."

ನಾನು ಗೀಟೆಳೆದು ಕುಳಿತೆ. ಎದುರಿಗೆ ಮುಗಿದ ಕೌದಿಯೊಂದು ಹಾಸಿತ್ತು.

"ಎಷ್ಟು ತುಂಡು ಹಿಡೀತು?" ಎಂದೆ.

"ಹಿಡಿಸಿದಷ್ಟು."

"ಅಳತಿ ಏನು?"

"ಅಳತಿ ಯಾಕ್ರಿ? ಹೊದ್ದುಕೊಂಡವರ ಕಾಲು ಹೊರಗ ಬಂದ್ರ ಇನ್ನೊಂದು ತುಂಡು ಹಚ್ಚೂದು."

ಇಂಥ ಮಾತನ್ನು ಸಹಿಸುವ ಸ್ವಭಾವ ನನ್ನದಲ್ಲ. ಊರುಗೋಲಿನ ಮೇಲೆ ನಾನೇ ಕೊರೆದುಕೊಂಡ ಅಂಗುಲದ ಗುರುತುಗಳಿವೆ. ಎದ್ದು ಕೌದಿಯ ಎರಡೂ ಕರ್ಣಗಳನ್ನು ಅಳೆದೆ. ಎರಡೂ ತೊಂಬತ್ತೆಂಟು ಅಂಗುಲ. ನೂಲಿನೆಳೆಯಷ್ಟೂ ವ್ಯತ್ಯಾಸವಿರಲಿಲ್ಲ.

"ಸರಿ ಐತಿ," ಎಂದೆ.

"ಹೌದೇನು? ಅಂದ್ರ ನಿಮ್ಮ ಕೋಲು ಸರಿ ಐತಿ ಅಂದಂಗಾತು," ಎಂದು ಅಂಬಕ್ಕ ಸೌಟು ತುಂಬಿದಳು.

ಆ ದಿನ ದಾಳ ಎಡಕ್ಕೆ ಬಿತ್ತು. ಎಡಗಡೆಯ ಮನೆಯ ಸಾರು ಕುಡಿದೆ. ಹತ್ತಕ್ಕೆ ಮೂರು ಎಂದು ಬರೆದೆ. ಏಳರ ಬೀಜ ಬಂತು. ಮರುದಿನ ಮತ್ತೆ ಅಂಬಕ್ಕನ ಕಂಬದ ಮುಂದೆ ನಿಂತೆ.

ಹೀಗೆ ದಿನಗಳು ನಡೆದವು. ಬೀಜಗಳು ನನ್ನನ್ನು ಓಣಿಯ ತುಂಬ ತಿರುಗಿಸಿದವು. ಮತ್ತೆ ಮತ್ತೆ ಅಂಬಕ್ಕನ ಮನೆಯ ಕಡೆಗೂ ತಂದವು. ಬಂದಾಗಲೆಲ್ಲ ನಮ್ಮಿಬ್ಬರಿಗೆ ಒಂದು ವಾದ ತಪ್ಪುತ್ತಿರಲಿಲ್ಲ. ಸೊನ್ನೆಯಿಂದ ಭಾಗಿಸಬಾರದು ಎಂದು ನಾನು ಹೇಳಿದರೆ, "ತಿನ್ನಾವರು ಯಾರೂ ಇಲ್ಲಂದ್ರ ರೊಟ್ಟಿ ಹಂಗೇ ಉಳೀತದ, ಅದರಾಗ ಬಾರದ್ದು ಏನೈತಿ?" ಎನ್ನುವಳು. ಅದು ತಪ್ಪು ಎಂದು ತೋರಿಸಲು ನನಗೆ ಮೂರು ಮಧ್ಯಾಹ್ನ ಹಿಡಿದವು, ಆಮೇಲೂ ಅವಳು ಒಪ್ಪಲಿಲ್ಲ. ಕೆಲವು ದಿನ ಅವಳು ಇರುತ್ತಿರಲಿಲ್ಲ. "ಅಂಬಕ್ಕ ಹೊರಗ ಹೋಗ್ಯಾಳ," ಎಂದು ಕಾಶವ್ವ ಸಾರು ಬಡಿಸಿ ಒಳಗೆ ಹೋಗುವಳು. ಆ ದಿನ ರೊಟ್ಟಿ ಬೇಗ ಮುಗಿಯುತ್ತಿತ್ತು. ನಾನು ಕೋಲು ಎತ್ತಿಕೊಂಡು ಪಕ್ಕದ ಮನೆಗೆ ಹೋಗುತ್ತಿದ್ದೆ.

ಓಣಿಯಲ್ಲಿ ಎದುರಾದಾಗ ದುರಗವ್ವ ಒಮ್ಮೆ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. "ಮಾಸ್ತರ, ಅಂಗಿಗೆ ಇಸ್ತ್ರಿ ಹಾಕ್ಸೀರಲ್ಲ."

"ಸಾರಿಗೂ ಇಸ್ತ್ರಿಗೂ ಸಂಬಂಧ ಇಲ್ಲ," ಎಂದೆ.

"ಅದನ್ನ ನಾನೂ ಅಂದೆ," ಎಂದು ಅವಳು ಮುಂದೆ ಹೋದಳು.

ನಡಿಗೆ ಮುಗಿಯುವವರೆಗೆ ನಡೆಯುವವರು ಗೀಟುಗಳನ್ನು ಕೂಡಿಸಬಾರದು. ನಾನು ಕೂಡಿಸಲಿಲ್ಲ. ಊರಿನ ಉಳಿದವರು ದಿನವೂ ಕೂಡಿಸುತ್ತಿದ್ದರೆಂದು ಆಮೇಲೆ ತಿಳಿಯಿತು.

ಇನ್ನೂರ ಮೂವತ್ತನೆಯ ದಿನ ಸಂಜೆ ಚನಮಲ್ಲಪ್ಪ ಕಂಬದಿಂದ ಕಂಬಕ್ಕೆ ಹೋಗಿ ಎಣಿಸಿ ಬಂದು ಕಟ್ಟೆಯ ಮೇಲೆ ಓದಿದ. ಒಂದು ಮನೆಯಲ್ಲಿ ಇಬ್ಬರ ಗೀಟುಗಳಿಗೆ ಏಳರವರೆಗೆ ಅಂತರವಿದ್ದರೆ ಅದನ್ನು ಒಪ್ಪಿಗೆ ಎಂದೇ ತಿಳಿಯುವುದು ವಾಡಿಕೆ. ಇಪ್ಪತ್ತಮೂರು ಮನೆಗಳಲ್ಲಿ ನಮ್ಮಿಬ್ಬರಿಗೂ ಒಪ್ಪಿಗೆಯಿತ್ತು. ರತ್ನವ್ವನ ಮನೆಗೆ ದುರಗವ್ವನ ಗೀಟು ಇಪ್ಪತ್ತೊಂದು, ನನ್ನದು ಹತ್ತೊಂಬತ್ತು. ಅಂಬಕ್ಕನ ಮನೆಗೆ ದುರಗವ್ವನದು ಒಂಬತ್ತು. ನನ್ನದು ಮೂವತ್ತನಾಲ್ಕು.

ಕಟ್ಟೆಯ ಮೇಲೆ ಯಾರೋ ಕೆಮ್ಮಿದರು. ಆ ಕೆಮ್ಮು ಶೀತದ್ದಾಗಿರಲಿಲ್ಲ.

ರತ್ನವ್ವ ಹೂ ಕಟ್ಟುವವಳು. ಗಾಣದ ಗೋಡೆಗೆ ಆನಿಸಿ ಇಳಿಬಿಟ್ಟ ತಗಡಿನ ಕೆಳಗೆ ಮೂವರು ಮಕ್ಕಳನ್ನು ಇಟ್ಟುಕೊಂಡು ಇದ್ದಳು. ಓಣಿಯ ಲೆಕ್ಕದಲ್ಲಿ ಅದೂ ಒಂದು ಮನೆ. ಅದಕ್ಕೂ ಒಂದು ಕಂಬವಿತ್ತು, ತಗಡು ಹಾರದಂತೆ ಹಿಡಿದ ಕಂಬ. ದುರಗವ್ವನ ಲೆಕ್ಕದಂತೆ ಊರೊಲೆ ರತ್ನವ್ವನದು. ನನ್ನ ಲೆಕ್ಕದಂತೆ ಅಂಬಕ್ಕನದು.

"ನಿಯಮ ಎಲ್ಲಾರಿಗೂ ಗೊತ್ತೈತಿ," ಎಂದ ಚನಮಲ್ಲಪ್ಪ. "ತಪ್ಪಿನ ಕಾರಣ ಗೊತ್ತಾದ್ರ ಆ ತಪ್ಪು ಒರಸಬಹುದು. ಗೊತ್ತಾಗಲಿಲ್ಲಂದ್ರ ಇಬ್ರೂ ಮತ್ತ ಇನ್ನೂರಾ ಮೂವತ್ತು ದಿನ ನಡೀಬೇಕು. ಮಾಸ್ತರ, ನಾಳೆ ಸಂಜಿ ತನಕಾ ನೋಡ್ರಿ."

"ನನ್ನ ಮೊಣಕಾಲು ಅಷ್ಟು ದಿನ ತಡಿಯೂದಿಲ್ಲ," ಎಂದಳು ದುರಗವ್ವ. "ಹೊಟ್ಟಿನೂ ತಡಿಯೂದಿಲ್ಲ."

ಜನ ಚದುರಿದ ಮೇಲೆ ರತ್ನವ್ವ ನನ್ನ ಹತ್ತಿರ ಬಂದಳು. ತಲೆಯ ಮೇಲೆ ಖಾಲಿ ಬುಟ್ಟಿಯಿತ್ತು. "ಮಳಿಗಾಲ ಹಿಡಿಯೂದ್ರೊಳಗ ಆಗ್ತದೇನ್ರಿ ಮಾಸ್ತರ? ಹೋದ ವರ್ಷ ತಗಡು ಎರಡು ಸಲ ಹಾರಿತ್ತು," ಎಂದಳು. ಅಷ್ಟೇ ಕೇಳಿ ಹೋದಳು. ಅವಳ ದನಿಯಲ್ಲಿ ದೂರು ಇರಲಿಲ್ಲ. ಇದ್ದಿದ್ದರೆ ನನಗೆ ಹಗುರವಾಗುತ್ತಿತ್ತು.

ಮರುದಿನ ಬೆಳಗ್ಗೆ ನೋಟುಪುಸ್ತಕ ತೆಗೆದೆ. ನಾಲಿಗೆ ಮರೆತರೂ ಪುಸ್ತಕ ಮರೆಯುವುದಿಲ್ಲ. ಅಂಬಕ್ಕನ ಮನೆಯಲ್ಲಿ ನಿಂತ ಮೂವತ್ತನಾಲ್ಕು ದಿನ, ಅಲ್ಲಿಂದ ಹೊರಟು ಪಕ್ಕದ ಮನೆಗೆ ನಾನು ಕೊಟ್ಟ ಅಂಕಗಳನ್ನು ಒಂದು ಸಾಲಿನಲ್ಲಿ ಬರೆದೆ. ಎರಡು, ಮೂರು, ನಾಲ್ಕು, ಎರಡು, ಐದು. ಅದೇ ಪಕ್ಕದ ಮನೆಗಳಿಗೆ ಬೇರೆ ಕಡೆಯಿಂದ ಬಂದಾಗ ನಾನು ಇಷ್ಟು ಕಠಿಣನಾಗಿರಲಿಲ್ಲ. ಸಾಲಿನ ನಡುನಡುವೆ ಕೆಲವು ಅಂಕಗಳು ಮಾತ್ರ ಎದ್ದು ನಿಂತಿದ್ದವು: ಎಂಟು, ಒಂಬತ್ತು, ಹತ್ತು, ಏಳು, ಒಂಬತ್ತು, ಎಂಟು. ಆರು ದಿನ. ಆ ಆರು ದಿನಗಳ ಪಕ್ಕದಲ್ಲಿ ನನ್ನದೇ ಅಕ್ಷರದಲ್ಲಿ ಒಂದು ಟಿಪ್ಪಣಿಯಿತ್ತು. ಸಾರಿನ ವಿಷಯ ಬರೆಯಬೇಕಾದ ಜಾಗದಲ್ಲಿ ನಾನು ಏಕೆ ಹಾಗೆ ಬರೆದೆನೋ ತಿಳಿಯದು. "ಅ. ಇಲ್ಲ" ಎಂದಿತ್ತು.

ಆಕಸ್ಮಿಕವಿರಬಹುದು ಎಂದುಕೊಂಡೆ. ಆಕಸ್ಮಿಕವೆಂದು ಹೇಳುವವನು ಅದನ್ನು ಪರೀಕ್ಷಿಸಿಯೂ ನೋಡಬೇಕು. ಮೂವತ್ತನಾಲ್ಕು ಚೀಟಿಗಳ ಮೇಲೆ ಮೂವತ್ತನಾಲ್ಕು ಅಂಕಗಳನ್ನು ಬರೆದು ಗಡಿಗೆಗೆ ಹಾಕಿ ಕಲೆಸಿದೆ. ಅಂಬಕ್ಕ ಇದ್ದದ್ದಕ್ಕೂ ಇಲ್ಲದ್ದಕ್ಕೂ ನನ್ನ ನಾಲಿಗೆಗೂ ಸಂಬಂಧವೇ ಇಲ್ಲದಿದ್ದರೆ, ಕಣ್ಣು ಮುಚ್ಚಿ ತೆಗೆದ ಯಾವ ಆರು ಚೀಟಿಗಳಾದರೂ ಆಗಾಗ ಆ ಆರು ದಿನಗಳಷ್ಟು ಮೊತ್ತ ಕೊಡಬೇಕು. ಆ ಆರು ದಿನಗಳ ಮೊತ್ತ ಐವತ್ತೊಂದು. ಆರು ಚೀಟಿ ತೆಗೆದೆ, ಕೂಡಿಸಿದೆ, ಇಪ್ಪತ್ತೆರಡು. ಮರಳಿ ಹಾಕಿ ಕಲೆಸಿದೆ. ಮತ್ತೆ ತೆಗೆದೆ, ಇಪ್ಪತ್ತೇಳು. ಹತ್ತೊಂಬತ್ತು. ಮೂವತ್ತೊಂದು. ಬಿಸಿಲು ಹೊಸ್ತಿಲು ದಾಟಿ ಒಳಗೆ ಬಂದು ಮತ್ತೆ ಹೊರಗೆ ಹೋಯಿತು. ನೂರು ಸಲ ತೆಗೆದೆ. ಒಂದು ಸಲವೂ ಮೂವತ್ತೆಂಟನ್ನು ದಾಟಲಿಲ್ಲ.

ಗಡಿಗೆಯನ್ನು ಬೋರಲು ಹಾಕಿದೆ. ಎಪ್ಪತ್ತೊಂದು ವರ್ಷದಲ್ಲಿ ನನ್ನ ಬಗ್ಗೆ ನನಗೆ ತಿಳಿಯದಿದ್ದ ಸಂಗತಿಯನ್ನು ಚೂರು ಕಾಗದಗಳು ಹೇಳಿದ್ದವು. ಲೆಕ್ಕ ತಪ್ಪಿದೆಯೇ ಎಂದು ಮತ್ತೊಮ್ಮೆ ನೋಡಿದೆ. ತಪ್ಪಿರಲಿಲ್ಲ.

ಈಗ ಎರಡು ದಾರಿಗಳಿದ್ದವು. ಕಾರಣ ತಿಳಿಯಲಿಲ್ಲ ಎಂದರೆ ನನ್ನ ಮಾನ ಉಳಿಯುತ್ತದೆ, ರತ್ನವ್ವನ ತಗಡು ಇನ್ನೊಂದು ಮಳೆಗಾಲ ಹಾರುತ್ತದೆ. ಕಾರಣ ಹೇಳಿದರೆ ನನ್ನ ಹಳೆಯ ವಿದ್ಯಾರ್ಥಿಗಳ ಮೊಮ್ಮಕ್ಕಳು ಕೂಡ ನನ್ನನ್ನು ಕಂಡು ನಗುತ್ತಾರೆ. ಜೊತೆಗೆ ಏನೂ ಮಾಡದ ಹೆಂಗಸೊಬ್ಬಳ ಹೆಸರು ಕಟ್ಟೆಯ ಮೇಲೆ ಬರುತ್ತದೆ. ಅಂಬಕ್ಕನನ್ನು ಮೊದಲು ಕೇಳಬೇಕೆಂದು ಅವಳ ಮನೆಯವರೆಗೆ ಹೋದೆ. ಬಾಗಿಲು ಮುಚ್ಚಿತ್ತು. ಕಂಬದ ಮೇಲೆ ಮೂವತ್ತನಾಲ್ಕು ಬಿಳಿ ಗೀಟುಗಳು, ಐದೈದರ ಕಟ್ಟು ಕಟ್ಟಿಕೊಂಡು ಕಾಪಿಪುಸ್ತಕದಷ್ಟು ನೇರವಾಗಿ ನಿಂತಿದ್ದವು.

ಸಂಜೆ ಕಟ್ಟೆ ತುಂಬಿತ್ತು. ಅಂಬಕ್ಕ ಕಾಶವ್ವನ ಜೊತೆ ಹೆಂಗಸರ ಸಾಲಿನಲ್ಲಿ ಕುಳಿತಿದ್ದಳು. ಮಡಿಲಲ್ಲಿ ಒಂದು ತಗಡಿನ ಡಬ್ಬಿಯಿತ್ತು.

"ಕಾರಣ ಗೊತ್ತಾಗೇದ," ಎಂದೆ. "ಅಂಬಕ್ಕನ ಮನ್ಯಾಗ ನಾ ನಿಂತದ್ದು ಮೂವತ್ತನಾಲ್ಕು ದಿನ. ಅದರಾಗ ಆಕಿ ಮನ್ಯಾಗಿದ್ದದ್ದು ಇಪ್ಪತ್ತೆಂಟು ದಿನ. ಆವಾಗ ಬಾಜೂ ಮನಿ ಸಾರಿಗೆ ನಾ ಕೊಟ್ಟದ್ದು ಸರಾಸರಿ ಮೂರು. ಆಕಿ ಇರದ ಆರು ದಿನ, ಎಂಟೂವರಿ."

"ಅಂದ್ರ?" ಎಂದ ಚನಮಲ್ಲಪ್ಪ. ಅವನು ಮೂರು ವರ್ಷ ನನ್ನ ತರಗತಿಯಲ್ಲಿದ್ದವನು. ಮೂರೂ ವರ್ಷ ಅದೇ ತರಗತಿ.

"ಅಂದ್ರ ಮಾಸ್ತರ ಉಂಡದ್ದು ಸಾರು ಅಲ್ಲ ಅಂತ," ಎಂದಳು ದುರಗವ್ವ.

"ನೀ ಸುಮ್ನಿರವಾ. ಮಾಸ್ತರ ಬಾಯಿಂದ ಬರಬೇಕು, ನಿಯಮ ಹಂಗ ಐತಿ. ಹೇಳ್ರಿ ಮಾಸ್ತರ, ಆ ಹೆಚ್ಚಿನ ಗೀಟು ಯಾತರವು?"

ನಾನು ಕೋಲನ್ನು ಎರಡೂ ಕೈಯಿಂದ ಹಿಡಿದುಕೊಂಡೆ. "ಆಕಿ ಮಾತಿನವು," ಎಂದೆ. "ತಪ್ಪು ನನ್ನದು, ಆಕೀದಲ್ಲ. ಒರಸ್ರಿ."

ನಗು ಬರುತ್ತದೆಂದು ಕಾದೆ. ಅದಕ್ಕೆ ಮೊದಲು ಅಂಬಕ್ಕ ಎದ್ದು ನಿಂತಳು.

"ಮಾಸ್ತರ ಲೆಕ್ಕದಾಗ ಒಂದು ತಪ್ಪೈತಿ," ಎಂದಳು. "ಆ ಆರು ದಿನ ನಾ ಎಲ್ಲೂ ಹೋಗಿರಲಿಲ್ಲ. ಕದದ ಹಿಂದ ಕೂತಿದ್ದೆ."

ಕಾಶವ್ವ ಹೌದೆಂದು ತಲೆಯಾಡಿಸಿದಳು.

"ಯಾಕ?" ಎಂದೆ. ಕಟ್ಟೆ ಇದ್ದದ್ದು ನನಗೆ ಮರೆತುಹೋಗಿತ್ತು.

"ನೀವು ಸಾರಿಗೆ ಬರ್ತೀರೋ ಮಾತಿಗೆ ಬರ್ತೀರೋ ಅಂತ ತಿಳೀಬೇಕಿತ್ತು. ಕೇಳಿದ್ರ ನೀವು ಹೇಳಾವರಲ್ಲ. ಹೇಳಬೇಕಂದ್ರ ನಿಮಗ ಗೊತ್ತಿರಲಿಲ್ಲ." ಅವಳು ಡಬ್ಬಿಯ ಮುಚ್ಚಳ ತೆಗೆದಳು. ಒಳಗೆ ಅಂಗಿಯ ಗುಂಡಿಗಳಿದ್ದವು, ಐದು ಬಿಳಿಯವು, ಒಂದು ಕೆಂಪು. "ನೀವು ನಿಲ್ಲೂ ದಿನ ಮುಂಜಾನೆ ಕಣ್ಣು ಮುಚ್ಚಿ ಒಂದು ತಗೀತಿದ್ದೆ. ಕೆಂಪು ಬಂದ್ರ ನಾ ಒಳಗ, ಅತ್ತಿಗಿ ಹೊರಗ."

ಮಾಸ್ತರಿಕೆ ಎಂಬುದು ಎಲ್ಲಿಯೂ ಬಿಡುವುದಿಲ್ಲ. "ಗುಂಡಿ ಯಾಕ?" ಎಂದು ಕೇಳಿದೆ. "ನಿಮಗ ಬೇಕಾದ ದಿನ ಒಳಗ ಕೂತಿದ್ರ ಆಗ್ತಿರಲಿಲ್ಲೇನು?"

"ಹ್ಯಾಂಗ ಆಗ್ತದ್ರಿ? ನನ್ನ ಕೈಗೆ ಬಿಟ್ರ ಸಾರು ಕೆಟ್ಟ ದಿನಾನ ನಾ ಒಳಗ ಕುಂದರ್ತಿದ್ದೆ. ಆವಾಗ ನೀವು ಎದ್ದು ಹೋದದ್ದು ನಾ ಇಲ್ಲಂತೋ, ಸಾರು ಕೆಟ್ಟಿತ್ತಂತೋ, ಹ್ಯಾಂಗ ತಿಳೀಬೇಕು?"

ಮೂವತ್ತೆಂಟು ವರ್ಷದಲ್ಲಿ ನಾನು ಯಾರಿಗೂ ನೂರಕ್ಕೆ ನೂರು ಕೊಟ್ಟವನಲ್ಲ. ಅಕ್ಷರ ಚೆನ್ನಾಗಿಲ್ಲವೆಂದಾದರೂ ಒಂದು ಅಂಕ ಕಳೆಯುತ್ತಿದ್ದೆ. ಕರ್ಣ ಅಳೆಯದೆ ಕೌದಿ ಹೊಲಿಯುವ ಈ ಹೆಂಗಸು ಕಳೆಯುವುದಕ್ಕೆ ಏನನ್ನೂ ಬಿಟ್ಟಿರಲಿಲ್ಲ.

"ಕ್ರಮ ಪೂರ್ತಿ ಸರಿ ಐತಿ," ಎಂದೆ.

"ನೋಡವಾ, ಮಾಸ್ತರು ಯಾರನ್ನೋ ಹೊಗಳಿದ್ರು," ಎಂದು ದುರಗವ್ವ ಪಕ್ಕದವಳಿಗೆ ಹೇಳಿದಳು. ಆಗ ಕಟ್ಟೆ ನಕ್ಕಿತು. ನಾನು ಹೆದರಿದ್ದ ನಗುವಿಗಿಂತ ಅದು ಬೇರೆಯಾಗಿತ್ತು.

"ಅಂಬಕ್ಕ, ಊರೊಲಿ ತಪ್ಪಿತಲ್ಲ ನಿನಗ," ಎಂದ ಚನಮಲ್ಲಪ್ಪ.

"ನನ್ನ ಸಾರು ಒಂಬತ್ತು ಗೀಟಿಂದು ಅಂತ ನನಗ ಗೊತ್ತೈತಿ. ಈ ಸಲ ಯಾರು ನಡೀತಾರ ಅಂತ ಕೇಳಿದ ಮ್ಯಾಲ ಹೆಸರು ಕೊಟ್ಟಾಕಿ ನಾ," ಎಂದು ಅವಳು ಡಬ್ಬಿ ಮುಚ್ಚಿ ಕುಳಿತಳು.

ಅಂದೇ ಒದ್ದೆ ಬಟ್ಟೆ ತಂದು ಅಂಬಕ್ಕನ ಕಂಬವನ್ನು ಒರೆಸಿದರು. ರತ್ನವ್ವ ಮೊದಲ ಮಳೆಗೆ ನಾಲ್ಕು ದಿನ ಮುಂಚೆ ಮಕ್ಕಳೊಡನೆ ಕಲ್ಲುಮನೆಗೆ ಹೋದಳು. ತಗಡನ್ನು ಅವಳು ಬಿಟ್ಟು ಬರಲಿಲ್ಲ. ಕಟ್ಟಿಗೆಯ ಮೇಲೆ ಮುಚ್ಚಲು ಬೇಕಾಗುತ್ತದೆ ಎಂದಳು.

ಒರೆಸಿದ ಮರುದಿನ ಮಧ್ಯಾಹ್ನ ಕಾಲು ತಾನಾಗಿ ಸುತ್ತೋಣಿಗೆ ನಡೆಯಿತು. ದಾಳ ತಂದಿರಲಿಲ್ಲ, ಬೀಜದ ಚೀಲವನ್ನು ಚನಮಲ್ಲಪ್ಪನಿಗೆ ಒಪ್ಪಿಸಿಯಾಗಿತ್ತು. ಅಂಬಕ್ಕ ಸೂಜಿಗೆ ದಾರ ಪೋಣಿಸುತ್ತ ಬಾಗಿಲಲ್ಲೇ ಕುಳಿತಿದ್ದಳು.

"ನಡಿಗಿ ಮುಗೀತಲ್ಲ ಮಾಸ್ತರ?"

"ಊರಿಂದು ಮುಗೀತು."

"ಹಂಗಾದ್ರ ಗೀಟು ಎಳೀರಿ," ಎಂದು ಸುಣ್ಣದ ತುಂಡೊಂದನ್ನು ಮುಂದೆ ಚಾಚಿದಳು. ಅದನ್ನು ಅವಳು ಮೊದಲೇ ತೆಗೆದಿಟ್ಟಿದ್ದಳು.

"ಮೊದಲಿನ ಮೂವತ್ತು ದಿನ ಲೆಕ್ಕಕ್ಕಿಲ್ಲ," ಎಂದೆ. ನಿಯಮ ನಿಯಮವೇ.

ಅಂಬಕ್ಕ ದಾರದ ತುದಿಯನ್ನು ಹಲ್ಲಿನಿಂದ ಕತ್ತರಿಸಿದಳು. "ಎಪ್ಪತ್ತೊಂದು ವರ್ಷ ಒರಸಿ ಆತಲ್ರಿ. ಇನ್ನೂ ಮೂವತ್ತು ದಿನ ಯಾಕ? ಎಳೀರಿ, ಸಾರು ಆರ್ತದ."

ಗೀಟೆಳೆದು ಒಳಗೆ ಹೋದೆ. ಆ ದಿನದ ಸಾರು ಹೇಗಿತ್ತೆಂದು ಮಾತ್ರ ಕೇಳಬೇಡಿ. ಅದಾದ ಮೇಲೆ ಅದೇ ಮನೆಯಲ್ಲಿ ಸಾವಿರದ ನೂರ ಆರು ಊಟಗಳಾಗಿವೆ, ನನ್ನ ನಾಲಿಗೆಗೆ ನೆನಪಿರುವುದು ಎರಡೇ.